ಒರಟು ಚಿತ್ರದ ಆಟಗಳಲ್ಲಿ ಏನು ರುಚಿ?

ಪ್ರಶ್ನೆ: ದಾವಣಗೆರೆಯಲ್ಲಿ ಎಂಜಿನಿಯರಿಂಗ್ ಓದುತ್ತಿರುವ ನನ್ನ ಮಗ ರಜೆಗೆ ಬಂದಾಗಲೆಲ್ಲ ಮಾಂತ್ರಿಕರು, ರಾಕ್ಷಸರು ತುಂಬಿದ ಕಂಪ್ಯೂಟರ್ ಆಟಗಳಲ್ಲಿ ಮುಳುಗಿರುತ್ತಾನೆ. ಅವುಗಳ ಚಿತ್ರಗಳು ಹಳೆಯ ವಿಡಿಯೋ ಗೇಮಿನಂತೆ ಒರಟಾಗಿವೆ. ಕಣ್ಣಿಗೆ ಹಬ್ಬವಾಗುವಂತಹ ಆಟಗಳಿರುವಾಗ ಇವು ಏಕೆ ಬೇಕು?
– ಓದುಗರೊಬ್ಬರು, ಚಿತ್ರದುರ್ಗ

ಉತ್ತರ: ನಿಮ್ಮೂರಿನ ಕೋಟೆಯಲ್ಲಿ ಒನಕೆ ಓಬವ್ವನ ಕಿಂಡಿಯ ಎದುರು ನಿಂತವರಿಗೆ ಕಾಣುವುದು ಬಂಡೆಗಳ ನಡುವಿನ ಇಕ್ಕಟ್ಟಾದ ಸಂದಿ ಮಾತ್ರ, ನುಸುಳಿ ಬರುವ ಹೈದರಾಲಿಯ ಸೈನಿಕರನ್ನೂ ಎತ್ತಿದ ಒನಕೆಯನ್ನೂ ಅಲ್ಲಿ ತುಂಬುವುದು ನೋಡುವವರ ಮನಸ್ಸು. ನಿಮ್ಮ ಮಗನ ಆಟಗಳೂ ಆ ಕೆಲಸವನ್ನು ಆಡುವವರಿಗೇ ಬಿಡುತ್ತವೆ. ಚಿತ್ರಗಳು ಒರಟಾಗಿರುವುದಕ್ಕೆ ಹಣದ ಕೊರತೆಯೂ ಒಂದು ಕಾರಣ ಎನ್ನುವುದನ್ನು ಮುಚ್ಚಿಡಬೇಕಾಗಿಲ್ಲ.

ಪಾತ್ರ ವಹಿಸಿ ಆಡುವ ಈ ಬಗೆ, 1974ರಲ್ಲಿ ಅಮೆರಿಕದ ಗ್ಯಾರಿ ಗೈಗ್ಯಾಕ್ಸ್ ಮತ್ತು ಡೇವ್ ಆರ್ನೆಸನ್ ಹೊರತಂದ ‘ಡಂಜನ್ಸ್ ಅಂಡ್ ಡ್ರಾಗನ್ಸ್’ ಎಂಬ ದಾಳದ ಆಟದಿಂದ ಹೆಸರಾಯಿತು. ಕೋಟಿಗಟ್ಟಲೆ ಹಣ ಹೂಡುವ ಕಂಪನಿ ಎಲ್ಲರಿಗೂ ಒಪ್ಪಿಗೆಯಾಗುವುದನ್ನೇ ಮಾಡಬೇಕಾಗುತ್ತದೆ. ಒಬ್ಬರೋ ಇಬ್ಬರೋ ಕುಳಿತು ಕಟ್ಟುವ ಆಟಕ್ಕೆ ಆ ಹಂಗಿಲ್ಲ. ಟೋಬಿ ಫಾಕ್ಸ್ ಬಹುಮಟ್ಟಿಗೆ ಒಬ್ಬರೇ ರೂಪಿಸಿ 2015ರಲ್ಲಿ ಬಿಡುಗಡೆ ಮಾಡಿದ ‘ಅಂಡರ್‌ಟೇಲ್’ನಲ್ಲಿ ಎದುರಾಳಿಗಳಲ್ಲಿ ಒಬ್ಬರನ್ನೂ ಕೊಲ್ಲದೆ, ಮಾತಿನಿಂದ, ಕನಿಕರದಿಂದ ಕೊನೆ ಮುಟ್ಟಬಹುದು. ಆರಂಭದಲ್ಲೇ ತಾಯಿಯಂತೆ ಸಲಹಿದವಳು ಬಾಗಿಲಿಗೆ ಅಡ್ಡ ನಿಲ್ಲುತ್ತಾಳೆ. ಬೇರೆ ಆಟಗಳ ಅಭ್ಯಾಸದಿಂದ ಹೊಡೆದು ಅವಳನ್ನು ಕೊಂದವರು, ನಾಚಿಕೊಂಡು ಮೊದಲಿನಿಂದ ಆಡಿದರೆ, ಹಿಂದಿನ ಸಲ ಮಾಡಿದ್ದನ್ನು ನೆನಪಿಟ್ಟುಕೊಂಡ ಪಾತ್ರವೊಂದು ಅವರನ್ನು ಹಂಗಿಸುತ್ತದೆ. (ಕಥೆಯ ಗುಟ್ಟು ಬಿಟ್ಟುಕೊಟ್ಟೆನೆಂದು ನಿಮ್ಮ ಮಗ ಸಿಟ್ಟಾಗಬಹುದು.)

ಟಾರ್ನ್ ಮತ್ತು ಜ್ಯಾಕ್ ಆಡಮ್ಸ್ ಸಹೋದರರು 2006ರಲ್ಲಿ ಹೊರತಂದ ‘ಡ್ವಾರ್ಫ್ ಫೋರ್ಟ್ರೆಸ್’ ಇನ್ನೂ ವಿಚಿತ್ರ. ಹೊಸ ಲೋಕವೊಂದನ್ನು ಬೇಡಿದಾಗ ಅದರ ಬೆಟ್ಟ, ನದಿಗಳ ಜೊತೆಗೆ ನೂರಾರು ವರ್ಷಗಳ ಅರಸರನ್ನೂ ಯುದ್ಧಗಳನ್ನೂ ಅದೇ ಹೆಣೆಯುತ್ತದೆ. ಆದರೆ 2022ರಲ್ಲಿ ಚಿತ್ರಸಹಿತ ಆವೃತ್ತಿ ಬರುವವರೆಗೂ ಇಷ್ಟೆಲ್ಲವನ್ನೂ ಪರದೆಯ ಮೇಲೆ ತೋರಿಸುತ್ತಿದ್ದದ್ದು ಅಕ್ಷರಗಳು ಮತ್ತು ಚಿಹ್ನೆಗಳು ಮಾತ್ರ.

ಇಂತಹ ಆಟಗಳಲ್ಲಿ ಜೊಳ್ಳೂ ಬಹಳವಿದೆ; ಅರ್ಧಕ್ಕೇ ನಿಂತವು, ಆಡಿಸುವುದಕ್ಕಿಂತ ದಣಿಸುವುದೇ ಹೆಚ್ಚಾದವು ಬೇಕಾದಷ್ಟು ಸಿಗುತ್ತವೆ. ಹೀಗಾಗಿ ಆರಿಸುವುದನ್ನು ನಿಮ್ಮ ಮಗನಿಗೇ ಬಿಡಿ. ‘ಅಂಡರ್‌ಟೇಲ್’ ಅವನಲ್ಲಿದ್ದರೆ, ಮುಂದಿನ ರಜೆಯಲ್ಲಿ ಮೊದಲ ಒಂದು ಗಂಟೆ ನೀವೇ ಆಡಿ. ಬಾಣದ ಗುರುತಿನ ನಾಲ್ಕು ಕೀಲಿಗಳ ಜೊತೆಗೆ ಇನ್ನೆರಡು ಮೂರು ತಿಳಿದಿದ್ದರೆ ಸಾಕು.