ಯಾವ ಆ್ಯಪ್ ಅನ್ನೋದು ಆಮೇಲೆ, ಮೊದಲು ಒಪ್ಪಂದ ಓದಿ

ಆಡಿಯೊ ಆ್ಯಪ್‌ನವರು ಒಪ್ಪಂದ ಕಳಿಸಿದ್ದಾರೆ, ಅವರಿಗೆ ಕತೆ ಕೊಡಲಾ, ಸ್ವಂತ ಯೂಟ್ಯೂಬ್ ಚಾನೆಲ್ ಮಾಡಲಾ ಅಂತ ಕೇಳಿದ್ದೀರಿ. 2021ರಲ್ಲಿ ನಾನೂ ಹಾಸನದ ಬಾಡಿಗೆ ರೂಮಿನಲ್ಲಿ ಇದೇ ಯೋಚನೆಯಲ್ಲಿದ್ದೆ.

ಹಗಲು ಕಾಫಿ ಬೀಜ ಸಂಸ್ಕರಿಸುವ ಕ್ಯೂರಿಂಗ್ ಘಟಕದಲ್ಲಿ ಲೆಕ್ಕ ಬರೆಯುವ ಕೆಲಸ, ರಾತ್ರಿ ಕತೆ. ನಮ್ಮೂರು ಸಕಲೇಶಪುರದ ಕಡೆ. ಗದ್ದೆಗೆ ಆನೆ ಇಳಿಯದ ಹಾಗೆ ಬೆಂಕಿ ಹಾಕಿಕೊಂಡು ಕಾಯುತ್ತಿದ್ದ ರಾತ್ರಿಗಳ ಬಗ್ಗೆ ಅಜ್ಜಿ ಹೇಳುತ್ತಿದ್ದರು. ಅದನ್ನೇ ಒಂದು ಆಡಿಯೊ ಆ್ಯಪ್‌ಗೆ 40 ಕಂತು ಮಾಡಿಕೊಟ್ಟೆ. ಪ್ರತಿ ಕಂತಿನ ಕೊನೆಗೂ ಒಂದು ತಿರುವು ಬೇಕು ಅಂತ ಆ್ಯಪ್‌ನವರು ಅಂದರು. ಆಕಾಶವಾಣಿ ಹಾಸನದ ನಾಟಕ ಕೇಳಿ ಬೆಳೆದ ನನಗೆ ಅದು ಹೊಸದು. ಆದರೂ ಕಲಿತೆ. ಕೇಳುಗರೂ ಸಿಕ್ಕರು.

ಎಡವಿದ್ದು ಒಪ್ಪಂದದಲ್ಲಿ. 14 ಪುಟ, ಪೂರ್ತಿ ಇಂಗ್ಲಿಷ್. ಹಣದ ಪುಟ ಮಾತ್ರ ಓದಿ ಸಹಿ ಹಾಕಿದೆ. ಕೊಟ್ಟಿದ್ದು ಬರೀ ಆಡಿಯೊ ಅಂದುಕೊಂಡಿದ್ದೆ. ಅಲ್ಲಿದ್ದದ್ದು ಪುಸ್ತಕ, ನಾಟಕ, ಸಿನಿಮಾ, ವೆಬ್ ಸರಣಿ, ಅನುವಾದ, ಪಾತ್ರಗಳ ಹೆಸರು ಕೂಡ. ಇಡೀ ಜಗತ್ತಿಗೆ, ಶಾಶ್ವತವಾಗಿ. ಆ 'ಶಾಶ್ವತವಾಗಿ' ಅನ್ನುವ ಒಂದು ಪದವನ್ನು ನಾನು ನೋಡಲೇ ಇಲ್ಲ. 1957ರ ಕಾಪಿರೈಟ್ ಕಾಯ್ದೆಯ 19ನೇ ಸೆಕ್ಷನ್ ಪ್ರಕಾರ, ಹಕ್ಕು ಬರೆದುಕೊಡುವಾಗ ಅವಧಿ ಹೇಳದಿದ್ದರೆ 5 ವರ್ಷ ಅಂತಲೇ ಲೆಕ್ಕ. ಜಾಗ ಹೇಳದಿದ್ದರೆ ಭಾರತಕ್ಕೆ ಮಾತ್ರ. ಆ ಎರಡು ಸಾಲು ಸುಮ್ನೆ ಖಾಲಿ ಇದ್ದಿದ್ದರೂ ಕಾನೂನು ನನ್ನ ಕೈ ಹಿಡಿಯುತ್ತಿತ್ತು. ಅವರು ಎರಡನ್ನೂ ತುಂಬಿದ್ದರು. ಬರೆದವರು ತೀರಿಕೊಂಡ ಮೇಲೂ 60 ವರ್ಷ ಬಾಳುವ ಹಕ್ಕು ಅದು. ಕಂತಿಗೆ ಇಷ್ಟು ಅಂತ ಕೊಟ್ಟುಬಿಟ್ಟೆ.

ಎರಡು ವರ್ಷದ ಮೇಲೆ ಚಿಕ್ಕಮಗಳೂರಿನ ಕೆಲವು ಹುಡುಗರು ಅದನ್ನು ನಾಟಕ ಮಾಡಲು ಹೊರಟರು. ತಾಲೀಮು ಶುರುವಾಗಿತ್ತು. ಅನುಮತಿ ಕೊಡಲ್ಲ ಅಂತ ಕಂಪನಿಯಿಂದ ಮೇಲ್ ಬಂತು. ಭಾನುವಾರ ಬಸ್ ಹತ್ತಿ ಹೋಗಿ, ನಿಲ್ಲಿಸಿ ಅಂತ ನಾನೇ ಹೇಳಬೇಕಾಯಿತು. ಅಜ್ಜಿಗೆ ಹೇಳಿದರೆ, "ನಮ್ಮನೆ ಕತೆ ನಾವೇ ಹೇಳಂಗಿಲ್ವಾ ಮಗ?" ಅಂದರು. ಏನು ಹೇಳಲಿ?

ಹಾಗಾಗಿ ಆ್ಯಪ್ಪಾ ಯೂಟ್ಯೂಬಾ ಅನ್ನುವ ಪ್ರಶ್ನೆಯೇ ಸರಿಯಿಲ್ಲ ಅಂತೀನಿ. ಯೂಟ್ಯೂಬಿನಲ್ಲಿ ಜಾಹೀರಾತಿನ ದುಡ್ಡು ಬರಲು 1,000 ಚಂದಾದಾರರು, ಒಂದು ವರ್ಷದಲ್ಲಿ 4,000 ಗಂಟೆ ವೀಕ್ಷಣೆ ಬೇಕು. ನಿಧಾನದ ದಾರಿ, ಆದರೆ ಕತೆ ನಿಮ್ಮದೇ. ಆ್ಯಪ್ ಬೇಡ ಅನ್ನಲ್ಲ. ಆಡಿಯೊ ಮಾತ್ರ, ಕನ್ನಡ ಮಾತ್ರ, 3 ವರ್ಷ ಮಾತ್ರ ಅಂತ ಬರೆಸಿಕೊಳ್ಳಿ. ಒಪ್ಪದಿದ್ದರೆ ಎಷ್ಟೇ ಜಾಸ್ತಿ ದುಡ್ಡು ಅಂದರೂ ಕೊಡಬೇಡಿ.

ಇನ್ನೂ ಸಹಿ ಹಾಕಿಲ್ಲ ಅಲ್ವಾ? ಇವತ್ತು ಹಾಕಬೇಡಿ. ಪ್ರಿಂಟ್ ತೆಗೆಸಿ, ಒಬ್ಬ ವಕೀಲರ ಮುಂದೆ ಕೂತು ಸಾಲು ಸಾಲಾಗಿ ಓದಿಸಿ.