ಎರಡು ಕಿಲೋ ಕಡಿಮೆ ಬರೆಯುವ ನಾನು ಒಳ್ಳೆಯವನಾ?

ಪ್ರಶ್ನೆ: ಮೂಡಿಗೆರೆ ಕಡೆಯ ಕಾಫಿ ತೋಟವೊಂದರಲ್ಲಿ ರೈಟರ್, ಅಂದರೆ ಲೆಕ್ಕ ಬರೆಯುವವನು, ಆಗಿದ್ದೇನೆ ಮೇಡಂ. ಕಿಲೋಗೆ 6 ರೂಪಾಯಿಯಂತೆ ಹಣ್ಣು ಕುಯ್ಯಿಸುತ್ತೇವೆ. ಸಂಜೆ ತೂಕ ಹಾಕುವಾಗ ಚೀಲಕ್ಕೆ ಎರಡು ಕಿಲೋ ಮುರಿದು ಬರೆಯಬೇಕು ಅಂತ ಧಣಿಗಳ ಮಾತು. ಚೀಲದ ತೂಕ, ಎಲೆ, ನೀರು ಅಂತ ನೆಪ. ಪ್ಲಾಸ್ಟಿಕ್ ಚೀಲ ಕಾಲು ಕಿಲೋನೂ ಇರಲ್ಲ. ನಾನು ಕುಡಿಯಲ್ಲ, ಯಾರನ್ನೂ ಗದರಲ್ಲ. ಮೊನ್ನೆ ಒಬ್ಬ ಹೆಂಗಸಿಗೆ ಮಗುವಿನ ಜ್ವರಕ್ಕೆ ಅಂತ 500 ರೂಪಾಯಿ ಸಾಲ ಕೊಟ್ಟೆ, ಕೈ ಮುಗಿದಳು. ಆದರೂ ಪುಸ್ತಕ ಮುಚ್ಚುವಾಗ ಕಸಿವಿಸಿ. ನಾನು ಬಿಟ್ಟರೆ ಇನ್ನೊಬ್ಬ ಬಂದು ಮೂರು ಕಿಲೋ ಮುರಿಯುತ್ತಾನೆ. ಇರುವ ಮನೆ ತೋಟದ್ದೇ, ಮಗಳು ಪಿಯುಸಿ. ನಾನು ಒಳ್ಳೆಯವನಾ, ಕೆಟ್ಟವನಾ?

ಉತ್ತರ: ಮೊದಲು ಲೆಕ್ಕ ಹಾಕೋಣ, ಅದು ನಿಮ್ಮ ಕೆಲಸವೇ ಅಲ್ವಾ. ನೀವು ಸಾಲ ಕೊಟ್ಟ ಹೆಂಗಸು ದಿನಕ್ಕೆ ಎರಡು ಚೀಲ ಕುಯ್ದರೆ ನಾಲ್ಕು ಕಿಲೋ ಹೋಯಿತು. 25 ದಿನಕ್ಕೆ 600 ರೂಪಾಯಿ. ಚೀಲದ ಕಾಲು ಕಿಲೋ ಬಿಟ್ಟರೂ 525. ತನ್ನ ದುಡ್ಡಿಗೇ ಸಾಲ ಅಂತ ಕೈ ಮುಗಿದಳು ಪಾಪ. ಅದನ್ನು ವಾಪಸ್ ಕೇಳಬೇಡಿ.

ಆ ದುಡ್ಡು ನಿಮ್ಮ ಜೇಬಿಗೆ ಬಂದಿಲ್ಲ, ಒಪ್ಪುತ್ತೇನೆ. ಆದರೆ ಅಂಕಿ ಬರೆದದ್ದು ನಿಮ್ಮ ಕೈ. ನೀವು ಮೆತ್ತನೆ ಮನಸ್ಸಿನವರು. ಕುಡಿಯದಿರುವುದು, ಗದರದಿರುವುದು ನಿಮ್ಮ ಸ್ವಭಾವ, ಅದಕ್ಕೆ ನಿಮಗೇನೂ ಖರ್ಚಿಲ್ಲ. ಖರ್ಚು ಬರುವುದು ತಕ್ಕಡಿ ಮುಂದೆ. ಅವರಿಗೆ ಸಲ್ಲಬೇಕಾದದ್ದನ್ನು ಮುರಿದುಕೊಂಡು, ಆಮೇಲೆ ಮಾಡಿದ್ದನ್ನು ಉಪಕಾರ ಅನ್ನಲು ನನಗೆ ಬಾಯಿ ಬರುವುದಿಲ್ಲ.

ಇನ್ನು ‘ನಾನಲ್ಲದಿದ್ದರೆ ಇನ್ನೊಬ್ಬ’ ಅನ್ನುವ ಮಾತು. ಬರ್ನಾರ್ಡ್ ವಿಲಿಯಮ್ಸ್ ಎಂಬ ಇಂಗ್ಲೆಂಡಿನ ತತ್ವಜ್ಞಾನಿ 1973ರಲ್ಲಿ ಇಂಥದ್ದೇ ಒಂದು ಉದಾಹರಣೆ ಕೊಟ್ಟಿದ್ದರು. ಜಾರ್ಜ್ ಎಂಬ ರಸಾಯನ ವಿಜ್ಞಾನಿ. ಕೆಲಸವಿಲ್ಲ, ಮನೆಯಲ್ಲಿ ಚಿಕ್ಕ ಮಕ್ಕಳು. ಯುದ್ಧಕ್ಕೆ ರಾಸಾಯನಿಕ ಅಸ್ತ್ರ ಸಿದ್ಧಪಡಿಸುವ ಲ್ಯಾಬಿನಲ್ಲಿ ಕೆಲಸ ಇದೆ. ಇವನು ಬೇಡ ಅಂದರೆ ಇನ್ನೂ ಹುರುಪಿನವನೊಬ್ಬ ಬಂದು ಕೂರುತ್ತಾನೆ. ಲಾಭ ನಷ್ಟ ನೋಡಿದರೆ ಜಾರ್ಜ್ ಸೇರುವುದೇ ಸರಿ. ಆದರೆ ಇನ್ನೊಬ್ಬ ಏನು ಮಾಡುತ್ತಾನೋ ಅದಕ್ಕಿಂತ ನಾನು ಮಾಡುವುದಕ್ಕೆ ನನ್ನ ಹೊಣೆ ಜಾಸ್ತಿ, ಆ ಲೆಕ್ಕದಲ್ಲಿ ಇದು ಬಿಟ್ಟುಹೋಗಿದೆ ಅಂತ ವಿಲಿಯಮ್ಸ್ ವಾದ. ಫೀಸು ಕಟ್ಟಬೇಕಾದ ಅಪ್ಪನಿಗೆ ಇದನ್ನು ಹೇಳುವುದು ಸುಲಭ, ಗೊತ್ತು. ಆದರೆ ಜಾರ್ಜ್‌ಗೆ ಇದ್ದದ್ದು ಎರಡೇ ದಾರಿ. ನಿಮಗೆ ಇನ್ನೊಂದಿದೆ.

ಧಣಿಗಳ ಹತ್ತಿರ ಒಬ್ಬರೇ ಹೋಗಿ. ಮೇಸ್ತ್ರಿ ಎದುರು ಬೇಡ, ಮರ್ಯಾದೆ ಪ್ರಶ್ನೆ ಆಗಿಬಿಡುತ್ತದೆ. ಪಾಪ ಪುಣ್ಯ ಅಂತ ಶುರು ಮಾಡಬೇಡಿ. ಕುಯ್ಲಿಗೆ ಆಳು ಸಿಗುವುದೇ ಕಷ್ಟ, ಅಸ್ಸಾಂನಿಂದ ಬಂದವರೂ ಪಕ್ಕದ ತೋಟದ ತೂಕ ವಿಚಾರಿಸುತ್ತಾರೆ, ಅವರು ಹೋದರೆ ಹಣ್ಣು ಗಿಡದಲ್ಲೇ ಒಣಗಿ ಉದುರುತ್ತದೆ ಅನ್ನಿ. ಖಾಲಿ ಚೀಲವನ್ನು ಎಲ್ಲರ ಮುಂದೆ ತೂಗಿ ಅಷ್ಟೇ ಕಳೆಯೋಣ, ಎಲೆ ಕಡ್ಡಿ ಇದ್ದರೆ ತೂಕಕ್ಕೆ ಮುಂಚೆ ಅವರಿಂದಲೇ ಆರಿಸೋಣ ಅನ್ನಿ. ಒಪ್ಪಲಿಲ್ಲವಾ? ತಕ್ಕಡಿ ತೋರಿಸಿದ ತೂಕವನ್ನೇ ಬರೆಯಿರಿ. ಪಕ್ಕದಲ್ಲಿ ‘ಕಡಿತ’ ಅಂತ ಒಂದು ಕಾಲಂ ಎಳೆಯಿರಿ. ಅದನ್ನು ಧಣಿಗಳೇ ತುಂಬಿ ಸಹಿ ಹಾಕಲಿ. ಬಾಯಲ್ಲಿ ಹೇಳಿದಷ್ಟು ಸಲೀಸಾಗಿ ಕೈಯಾರೆ ಬರೆಯುವವರು ಕಡಿಮೆ.

ಅದಕ್ಕೂ ಬಗ್ಗದಿದ್ದರೆ ಬೇರೆ ತೋಟ ವಿಚಾರಿಸಿ, ಆದರೆ ಸಿಟ್ಟಿನಲ್ಲಿ ಬಿಡಬೇಡಿ. ರೋಬಸ್ಟಾ ಕಾಫಿಯ ಕುಯ್ಲು ಮುಗಿಯುವ ಹೊತ್ತಿಗೆ ಮಗಳ ಪರೀಕ್ಷೆಯೂ ಮುಗಿದಿರುತ್ತದೆ. ಮನೆ ಖಾಲಿ ಮಾಡುವುದಿದ್ದರೆ ಆಗಲೇ ಮಾಡಿ.