ಕಾಳಿ ಅಳಿವೆಯ ಹುಳು: ನೆರೀಸ್ ಅಥವಾ ಪೆರಿನೆರೀಸ್?

ಕಾಳಿ ಅಳಿವೆಯ ಕೆಸರಿನ ಹುಳುವಿನ ಫೋಟೋ ಕಳಿಸಿ, ಹಲ್ಲೇ ಕಾಣದೆ ಅದು ನೆರೀಸ್ ಕುಲದ್ದೋ ಪೆರಿನೆರೀಸ್ ಕುಲದ್ದೋ (ಎರಡೂ ಬಿರುಗೂದಲಿನ ಕಡಲ ಹುಳುಗಳು) ಗೊತ್ತಾಗುತ್ತಿಲ್ಲ ಅಂದಿದ್ದೀರಿ. ಜೀವಂತವಾಗಿಯೇ ಫಾರ್ಮಾಲಿನ್‌ಗೆ ಹಾಕಿದ್ದು ಕಾರಣ ಇರಬೇಕು. ಹಲ್ಲುಗಳಿರುವುದು ಹೊರಕ್ಕೆ ಮಗುಚಿಕೊಳ್ಳುವ ಗಂಟಲಿನಲ್ಲಿ; ಅದು ಒಳಗೇ ಸೆಟೆದುಕೊಂಡಿದೆ. ನೀರಲ್ಲಿ ಚೆನ್ನಾಗಿ ತೊಳೆದು, ಅಂಗಾತ ಮಲಗಿಸಿ, ಹೊಟ್ಟೆಯ ನಡುಗೆರೆಯಲ್ಲಿ ಬಾಯಿಯಿಂದ ಹಿಂದಕ್ಕೆ ಸೀಳಿ ಪಿನ್ ಹಾಕಿ ಬಿಡಿಸಿ. ಬೆನ್ನ ಕಡೆ ಕತ್ತರಿ ಇಡಲೇಬೇಡಿ, ಗಂಟಲಿನಲ್ಲಿ ಹಲ್ಲುಗಳ ಜಾಗಗಳನ್ನು ಸಂಖ್ಯೆ ಕೊಟ್ಟು ಗುರುತಿಸುತ್ತಾರೆ, ನೋಡಬೇಕಾದ ಐದು-ಆರನೇ ಪ್ರದೇಶಗಳು ಅಲ್ಲೇ ಇವೆ. ಆರನೆಯದರಲ್ಲಿ ಅಡ್ಡಪಟ್ಟಿಯಂಥ ಕಂದು ಹಲ್ಲಿದ್ದರೆ ಪೆರಿನೆರೀಸ್. ಬರೀ ಶಂಕುವಿನಾಕಾರದ ಹಲ್ಲುಗಳಿದ್ದರೆ ಬಾಲದ ಕಡೆಯ ಪಾದಗಳನ್ನು ನೋಡಿ: ಮೇಲಿನ ಹಾಲೆಯಲ್ಲಿ ಕುಡುಗೋಲಿನಾಕಾರದ ಬಿರುಗೂದಲಿದ್ದರೆ ನೆರೀಸ್, ಇಲ್ಲದಿದ್ದರೆ ಬಹುಶಃ ನಿಯಾಂಥಿಸ್ ಎಂಬ ಇನ್ನೊಂದು ಕುಲ. ಪ್ರಭೇದ ಮಾತ್ರ ಫೋಟೋದಲ್ಲಿ ಹೇಳಲಾಗದು.

ಮುಂದಿನ ಸಲ ಹುಳುವಿಗೆ ಮೊದಲು ಮಂಪರು ಬರಿಸಲು ಶೇ. 7.5ರ ಮೆಗ್ನೀಷಿಯಂ ಕ್ಲೋರೈಡ್ ದ್ರಾವಣಕ್ಕೆ ಹುಳು ಹಿಡಿದ ಜಾಗದ ನೀರನ್ನೇ ಸಮಪಾಲು ಬೆರೆಸಿ, ಮುಟ್ಟಿದರೂ ಮಿಸುಕದಷ್ಟು ಹೊತ್ತು ಅದರಲ್ಲಿ ಇಡಿ. ತಲೆಯ ಹಿಂದೆ ಮೆಲ್ಲಗೆ ಒತ್ತಿ ಗಂಟಲು ಹೊರಬರಿಸಿ, ಆಮೇಲೆ ಫಾರ್ಮಾಲಿನ್.